ಚಮಚ ಬೀಳದ ಮಧ್ಯಾಹ್ನ

ಬೀಗದ ಕೈಯನ್ನು ತೆಕ್ಲಾ ಮುದುಕಿ ಕೊಲೋಮಾಳ ಕೈಗೆ ಕೊಡಲಿಲ್ಲ. ಹೊಸ್ತಿಲ ಕಲ್ಲಿನ ಮೇಲಿಟ್ಟು, ಎರಡು ಹೆಜ್ಜೆ ಹಿಂದೆ ಸರಿದು, ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ನಿಂತಳು.

"ಎತ್ಕೋ. ನೀನೇ ಬಗ್ಗಿ ಎತ್ಕೋ."

"ಯಾಕಜ್ಜಿ, ನನ್ನ ಕೈಗೇನು ಕಜ್ಜಿ ಆಗಿದ್ಯಾ?"

"ಗಾರಿಗಾ ಮನೇಲಿ ಕೈಯಿಂದ ಕೈಗೆ ಏನೂ ಕೊಡಲ್ಲ ಮಗಳೇ. ರೊಟ್ಟಿ ಕೊಡಬೇಕಾದ್ರೂ ಮೇಜಿನ ಮೇಲೆ ಇಡ್ತೀವಿ. ನೀನೂ ಅಷ್ಟೆ. ಇಲ್ಲಿ ಯಾರು ಏನು ಕೊಟ್ರೂ ತಗೋಬೇಡ."

"ಸುರಸುಂದರಾಂಗ ಯಾರಾದ್ರೂ ಬಂದು ಉಂಗುರ ಕೊಟ್ರೆ?"

"ಅದನ್ನಂತೂ ತಗೊಳ್ಳಲೇಬೇಡ" ಎಂದಳು ಮುದುಕಿ. ಅವಳ ಮುಖದಲ್ಲಿ ನಗುವಿನ ಸುಳಿವೇ ಇರಲಿಲ್ಲ.

ಸ್ಪೇನಿಗೆ ಗಣರಾಜ್ಯ ಬಂದು ಮೂರು ವರ್ಷವಾಗಿದ್ದ ಬೇಸಿಗೆ ಅದು. ಕೊಲೋಮಾ ಬಾರ್ಸೆಲೋನಾದ ಅತಿವಾಸ್ತವವಾದಿ ಚಿತ್ರಕಾರರ ಗುಂಪಿನವಳು. ಮೂವತ್ತೊಂದು ವಯಸ್ಸು, ಗಂಡಸರ ಷರಾಯಿ, ಉಗುರಿನ ಸಂದಿಯಲ್ಲಿ ಎಂದೂ ಹೋಗದ ನೀಲಿ. ಊರಿನಲ್ಲಿ ಗೆಳೆಯರೆಲ್ಲ ಅವಳ ಕನಸುಗಳಿಗೆ ಅರ್ಥ ಹೇಳಲು ಶುರುಮಾಡಿದ್ದರು. ಆ ಕಾಟ ತಾಳಲಾರದೆ ಪಿರೆನೀಸ್ ಬೆಟ್ಟದ ಈ ಹಳ್ಳಿಗೆ ಬಂದಿದ್ದಳು. ಈ ಮನೆಯನ್ನೇ ಆರಿಸಿದ್ದು ಮಹಡಿಯ ಕೋಣೆಗಾಗಿ. ಅದರ ಕಲ್ಲುಹಂಚಿನ ಮಾಡಿನ ನಡುವೆ ಒಂದು ದೊಡ್ಡ ತೂತಿತ್ತು, ತೂತಿಗೆ ಗಾಜು ಕೂರಿಸಿದ್ದರು. ಮಧ್ಯಾಹ್ನದ ಬಿಸಿಲು ಅಲ್ಲಿಂದ ಕಂಬದ ಹಾಗೆ ನೆಟ್ಟಗೆ ಇಳಿಯುತ್ತಿತ್ತು.

"ಎಂಥ ಬೆಳಕು! ಯಾವ ಪುಣ್ಯಾತ್ಮ ಮಾಡಿಸಿದ್ದು ಇದನ್ನ?"

"ನಾವೇ ಕಿತ್ತಿದ್ದು ಹಂಚನ್ನ. ಗಾರಿಗಾ ಮುದುಕಿ ಸಾಯಲಿ ಅಂತ." ಒಳಗೆ ಬಾರದೆ ಮೆಟ್ಟಿಲಲ್ಲೇ ನಿಂತು ಹೇಳಿದಳು ತೆಕ್ಲಾ.

ಅದೊಂದು ಹಳೆಯ ಕತೆ. ಗಾರಿಗಾ ಮುದುಕಿ ಒಲೆಯ ಮುಂದಿನ ಕಲ್ಲಿನ ಮೇಲೆ ಇದ್ದಿಲಿನಿಂದ ಏನು ಗೀಚಿದರೂ ಅದು ಯಾರಿಗಾದರೂ ಆಗಿಯೇ ತೀರುತ್ತಿತ್ತು. ಮೂರು ಕಾಲಿನ ಕರು ಗೀಚಿದರೆ ಮೂರು ಕಾಲಿನ ಕರು. ಬತ್ತಿದ ಮೊಲೆ ಗೀಚಿದರೆ ಬಾಣಂತಿಯ ಎದೆ ಬತ್ತುತ್ತಿತ್ತು. ಅಂಥವರು ಹಿಡಿದ ವಿದ್ಯೆಯನ್ನು ಇನ್ನೊಬ್ಬರ ಕೈಗೆ ದಾಟಿಸದೆ ಸಾಯಲಾರರು. ಕೊನೆಗಾಲದಲ್ಲಿ ಮೂರು ಹಗಲು ಮೂರು ರಾತ್ರಿ ಕೈ ಚಾಚಿಕೊಂಡು ಕೂಗಿದಳಂತೆ: ತಗೊಳ್ಳಿ, ಯಾರಾದ್ರೂ ತಗೊಳ್ಳಿ. ಹಾಸಿಗೆಯ ಸುತ್ತ ನಿಂತ ಇಡೀ ಊರು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಿತ್ತು. ಕೊನೆಗೆ ಉಸಿರಿಗೆ ದಾರಿಯಾಗಲಿ ಎಂದು ಮಾಡು ಬಿಚ್ಚಿದರು.

"ಹೋದಳಾ?" ಎಂದು ಕೇಳಿದಳು ಕೊಲೋಮಾ.

"ಉಸಿರು ಹೋಯ್ತು. ಕೈ ಹೋಗಿಲ್ಲ."

ಕೊಲೋಮಾ ಗೋಡೆ ಹಿಡಿದುಕೊಂಡು ನಕ್ಕಳು. "ಒಳ್ಳೇದೇ ಆಯ್ತು ಬಿಡಜ್ಜಿ. ನಂಗೂ ಬಣ್ಣ ಅರೆಯೋಕೆ ಒಂದು ಕೈ ಬೇಕಿತ್ತು."

ಅವಳ ಕೆಲಸದ ಕ್ರಮ ಹೀಗಿತ್ತು. ಮಧ್ಯಾಹ್ನ ಹೊಟ್ಟೆ ತುಂಬ ಉಂಡು, ಆ ಗಾಜಿನ ಕೆಳಗೆ ಕುರ್ಚಿ ಎಳೆದುಕೊಂಡು ಕೂರುವುದು. ನೆಲದ ಮೇಲೆ ತಗಡಿನ ತಟ್ಟೆ. ಹೊರಕ್ಕೆ ಚಾಚಿದ ಬಲಗೈಯ ಎರಡು ಬೆರಳುಗಳ ನಡುವೆ ಉದ್ದನೆಯ ಕಬ್ಬಿಣದ ಚಮಚ. ಕಣ್ಣು ಮುಚ್ಚುವುದು. ನಿದ್ದೆ ಹತ್ತಿದ ಗಳಿಗೆಯಲ್ಲಿ ಬೆರಳು ಸಡಿಲಿ ಚಮಚ ತಟ್ಟೆಗೆ ಬೀಳುತ್ತದೆ. ಠಣ್ ಎಂದು ಸದ್ದಾಗಿ ಎಚ್ಚರವಾಗುತ್ತದೆ. ಬೆರಳು ಸಡಿಲಿದ್ದಕ್ಕೂ ಸದ್ದಿಗೂ ನಡುವಿನ ಆ ಚೂರು ಹೊತ್ತಿನಲ್ಲಿ ಕಂಡದ್ದನ್ನು, ಆರುವ ಮುನ್ನ, ತೊಡೆಯ ಮೇಲಿನ ಹಲಗೆಗೆ ಇಳಿಸುವುದು. ಉಳಿದದ್ದೆಲ್ಲ ಬರೀ ಬಣ್ಣದ ಕೂಲಿ.

ಒಂದೇ ನಿಯಮ. ಅಲ್ಲಿಂದ ಏನು ಸಿಕ್ಕರೂ ಬೇಡ ಎನ್ನಬಾರದು. ಇದು ಕೊಳಕು, ಇದು ನಾಚಿಕೆಗೇಡು, ಇದಕ್ಕೆ ತಲೆಬುಡವಿಲ್ಲ ಎಂದು ಆರಿಸಲು ಕೂತರೆ ಚಿತ್ರ ಅಲ್ಲೇ ಸತ್ತಂತೆ. ಅತ್ತ ಕಡೆ ಕೊಟ್ಟದ್ದನ್ನು ಮರುಮಾತಿಲ್ಲದೆ ತೆಗೆದುಕೊಳ್ಳಬೇಕು. ಹತ್ತು ವರ್ಷ ಅವಳು ತನ್ನನ್ನು ತಾನು ಪಳಗಿಸಿಕೊಂಡದ್ದು ಇದೊಂದಕ್ಕೇ.

ಮೊದಲ ಎರಡು ವಾರದಲ್ಲಿ ಹೀಗೆ ಒಂಬತ್ತು ಚಿತ್ರ ಸಿಕ್ಕಿದವು. ಅವುಗಳ ಮೊದಲ ವಿಮರ್ಶಕ ತೆಕ್ಲಾಳ ಮಗ ಸೆಲ್ದೋನಿ. ನಲವತ್ತು ದಾಟಿದ ಅವನು ಹೇಸರಗತ್ತೆಗಳ ಮೇಲೆ ಕಣಿವೆಯಿಂದ ಅವಳ ಕ್ಯಾನ್ವಾಸು, ಟರ್ಪೆಂಟೈನು, ವೈನು ಹೊತ್ತು ತರುತ್ತಿದ್ದ. ಅವನಿಗಿಂತ ಕಾಲು ಗಂಟೆ ಮೊದಲು ಅವನ ಬಾಯಿ ಹಳ್ಳಿಗೆ ಬಂದು ಮುಟ್ಟುತ್ತಿತ್ತು.

"ಎಲೇ ಮೂದೇವಿ, ನಿಮ್ಮಪ್ಪ ಕತ್ತೆ ಅಂತ ನೀನೂ ಕತ್ತೆ ಥರಾನೇ ನಡೀಬೇಕಾ? ನಿಮ್ಮಮ್ಮ ಕುದುರೆ ಕಣೇ, ಅವಳ ಮರ್ಯಾದೆಯಾದ್ರೂ ಉಳಿಸು!"

ಹೊರೆ ಇಳಿಸಿ, ಕೊಕ್ಕಿನ ಗಾಜಿನ ಹೂಜಿಯನ್ನು ತಲೆಯ ಮೇಲೆತ್ತಿ ವೈನಿನ ಎಳೆಯನ್ನು ಬಾಯಿಗೆ ಬಿಟ್ಟುಕೊಳ್ಳುತ್ತ ಚಿತ್ರ ನೋಡುತ್ತಿದ್ದ.

"ಅಮ್ಮಾವ್ರೇ, ಈ ಹೇಸರಗತ್ತೆ ಹೊಟ್ಟೇಲಿ ಮೆಟ್ಲು ಯಾಕಿದೆ?"

"ಹತ್ತೋಕೆ."

"ಹತ್ತಿ ಎಲ್ಲಿಗೆ ಹೋಗ್ತಾರೆ?"

"ನಂಗೂ ಗೊತ್ತಿಲ್ಲ ಸೆಲ್ದೋನಣ್ಣ."

"ಸರಿ ಹೋಯ್ತು. ಬಿಡಿಸಿದವರಿಗೇ ಗೊತ್ತಿಲ್ಲ, ಪಾಪ ಕತ್ತೆಗೇನು ಗೊತ್ತು! ನನ್ನದೊಂದು ಬಿಡಿಸಿ. ಆದ್ರೆ ಇರೋ ಹಾಗೇ ಇರಬೇಕು. ಮೂಗಲ್ಲಿ ಬಾವಿ ಗೀವಿ ತೋಡಬೇಡಿ."

"ನಿನ್ನ ಬಾಯಿ ಹಿಡಿಸೋ ಅಷ್ಟು ದೊಡ್ಡ ಕ್ಯಾನ್ವಾಸು ನನ್ನ ಹತ್ರ ಎಲ್ಲಿದೆ?"

ಅವನು ಮೆಟ್ಟಿಲಿಳಿದು ಹೋದ ಮೇಲೂ ಅವಳಿಗೆ ನಗು ನಿಂತಿರಲಿಲ್ಲ. ನಗುತ್ತಲೇ ಕುರ್ಚಿಯಲ್ಲಿ ಕೂತಳು. ಕೈಯಲ್ಲಿ ಚಮಚ. ಬಿಸಿಲಿಗೆ ಕಾದ ಕಲ್ಲಿನ ವಾಸನೆ, ಟರ್ಪೆಂಟೈನಿನ ವಾಸನೆ, ಎಲ್ಲೋ ಒಂದು ನೊಣ. ಬೆರಳು ಸಡಿಲಾಯಿತು.

ಸದ್ದಾಗಲಿಲ್ಲ.

ಆ ಚೂರು ಹೊತ್ತು ಮುಗಿಯಲೇ ಇಲ್ಲ. ಅದು ಹಿಗ್ಗಿತು. ಒಂದು ಕೋಣೆಯಷ್ಟು, ಆಮೇಲೆ ಒಂದು ಬಯಲಿನಷ್ಟು. ಅದರ ನಡುವಿನಿಂದ ಒಂದು ಕೈ ಬಂತು. ಮುದಿ ಕೈ. ಗಂಟುಗಂಟಿನ ಬೆರಳು, ಉಗುರಲ್ಲಿ ಮಸಿ. ಬೀಳುತ್ತಿದ್ದ ಚಮಚವನ್ನು ತಟ್ಟೆಗೆ ಇನ್ನೊಂದು ಗೇಣು ಇರುವಾಗಲೇ ಹಿಡಿದು, ಹಿಡಿ ಮುಂದೆ ಮಾಡಿ ಅವಳತ್ತ ಚಾಚಿತು. ಸುಟ್ಟ ಉಣ್ಣೆಯ ಕಮಟು. ಹತ್ತು ವರ್ಷದಲ್ಲಿ ಹೀಗೆ ಅತ್ತಲಿಂದ ಯಾರೂ ಅವಳಿಗೆ ಕೈಯಾರೆ ಏನನ್ನೂ ಕೊಟ್ಟಿರಲಿಲ್ಲ. ಕೊಲೋಮಾ ಹಿಗ್ಗಿಹೋದಳು.

"ಕೊಡು" ಎಂದಳು. ತೆಗೆದುಕೊಂಡಳು.

ಎಚ್ಚರವಾದಾಗ ಗಾಜಿನಲ್ಲಿ ಬಿಸಿಲು ಕೆಂಪಾಗಿತ್ತು. ಚಮಚ ಮುಷ್ಟಿಯಲ್ಲೇ ಇತ್ತು, ಬಾವಿಯಿಂದ ಆಗ ತಾನೆ ತೆಗೆದಷ್ಟು ತಣ್ಣಗೆ. ಎಡಗೈ ಹಲಗೆಯನ್ನು ಒತ್ತಿ ಹಿಡಿದಿತ್ತು, ಬಲಗೈಯ ಬೆರಳುಗಳೆಲ್ಲ ಇದ್ದಿಲಿನ ಕಪ್ಪು. ಹಲಗೆಯ ಮೇಲೆ ಚಿತ್ರ ಮುಗಿದಿತ್ತು. ಒಬ್ಬ ಗಂಡಸಿನ ಮುಖ. ಬಾಯಿಯ ಜಾಗದಲ್ಲಿ ಕೊಟ್ಟಿಗೆಯ ಬಾಗಿಲಿನ ದಪ್ಪ ಬೀಗ, ತುಕ್ಕು ಹಿಡಿದದ್ದು, ಗಲ್ಲದ ಮೂಳೆಗೇ ಮೊಳೆ ಹೊಡೆದು ಕೂರಿಸಿದ್ದು. ಹುಬ್ಬುಗಳು ಸೆಲ್ದೋನಿಯವು.

ಅವಳ ಜೀವನದ ಅತ್ಯುತ್ತಮ ಗೆರೆಗಳು ಅಲ್ಲಿದ್ದವು. ಒಂದೂ ತಪ್ಪಿರಲಿಲ್ಲ, ಒಂದೂ ತಿದ್ದಿರಲಿಲ್ಲ. ಅವಳು ಅದನ್ನು ಗೋಡೆಗೆ ಚುಚ್ಚಿ, ಎದುರಿಗೆ ಕೂತು, ಒಂದಿಡೀ ಹೂಜಿ ವೈನು ಕುಡಿದಳು.

ಮರುದಿನ ಹೇಸರಗತ್ತೆಗಳು ಬಂದವು. ಗಂಟೆಯ ಸದ್ದು ಬಂತು, ಗೊರಸಿನ ಸದ್ದು ಬಂತು. ಬೈಗುಳ ಬರಲಿಲ್ಲ. ಕಿಟಕಿಯಿಂದ ಬಗ್ಗಿದರೆ ಪ್ರಾಣಿಗಳು ಕೊಟ್ಟಿಗೆಯಿಂದ ತಾವಾಗಿಯೇ ದಾರಿ ಹಿಡಿದು ಬಂದಿದ್ದವು. ಹಿಂದೆ ಯಾರೂ ಇರಲಿಲ್ಲ.

ಅವಳು ತೆಕ್ಲಾಳ ಮನೆಗೆ ಓಡಿದಳು.

ಸೆಲ್ದೋನಿ ಒಲೆಯ ಪಕ್ಕ ಗೋಡೆಗೊರಗಿ ಕೂತಿದ್ದ. ತುಟಿ ಬಿಗಿದು ಬಿಳಿಚಿತ್ತು, ದವಡೆ ಕಲ್ಲಾಗಿತ್ತು. ನಿನ್ನೆ ಸಂಜೆಯಿಂದ ಹೀಗೇ. ಕಣಿವೆಯ ವೈದ್ಯ ಬಂದು ಇಕ್ಕಳ ಹಾಕಿ ನೋಡಿದ್ದ. ಒಂದು ಹಲ್ಲು ಮುರಿಯಿತು, ದವಡೆ ಕದಲಲಿಲ್ಲ. ತೆಕ್ಲಾ ಗಾಜಿನ ಹೂಜಿಯ ಕೊಕ್ಕನ್ನು ತುಟಿಗೊತ್ತಿ ನೀರು ಬಿಡುತ್ತಿದ್ದಳು. ನೀರೆಲ್ಲ ಗಲ್ಲದ ಮೇಲಿಂದ ಅಂಗಿಗೆ ಇಳಿಯುತ್ತಿತ್ತು. ಅವನ ಕಣ್ಣು ಮಾತ್ರ ಮಾತಾಡುತ್ತಿದ್ದವು, ಒಂದೇ ಸಮನೆ, ಹುಚ್ಚು ಹಿಡಿದ ಹಾಗೆ.

"ಈ ಬೇಸಿಗೇಲಿ ನೀರಿಲ್ದೆ ಮೂರು ದಿನ. ಹೆಚ್ಚಂದ್ರೆ ನಾಲ್ಕು" ಎಂದಳು ತೆಕ್ಲಾ. ತಿರುಗಿ ನೋಡಲಿಲ್ಲ. "ಯಾರು ಏನು ಕೊಟ್ರು ನಿಂಗೆ?"

ಕೊಲೋಮಾ ಬಾಯಿ ತೆರೆದಳು. ಒಂದು ಕುಹಕ ನಾಲಗೆಯ ತುದಿಗೆ ಬಂದಿತ್ತು. ಸೆಲ್ದೋನಿಯ ಕಣ್ಣು ನೋಡಿ ನುಂಗಿಕೊಂಡಳು.

"ಚಮಚ."

"ತಗೊಂಡ್ಯಾ?"

"ತಗೊಂಡೆ."

ಮುದುಕಿ ಹೂಜಿ ಕೆಳಗಿಟ್ಟಳು. ಬೈಯಲಿಲ್ಲ, ಅಳಲೂ ಇಲ್ಲ. "ಚಿತ್ರ ಸುಟ್ಟು ಗಿಟ್ಟೀಯ, ಜೋಕೆ. ಅವನ ಚರ್ಮ ಸುಡುತ್ತೆ."

ಕೊಲೋಮಾ ಮನೆಗೆ ಬಂದು ಹೊಸ ಹಾಳೆ ತೆಗೆದಳು. ಮಾಡಿದ ಕೈಯೇ ಬಿಡಿಸಬೇಕು, ಅಷ್ಟೇ ತಾನೆ? ಬಾಯಿ ತೆರೆದು ನಗುವ ಸೆಲ್ದೋನಿಯನ್ನು ಬರೆಯುತ್ತೇನೆ. ಇದ್ದಿಲು ಮುಟ್ಟಿದ್ದೇ ತಡ, ಕೈ ಓಡಿತು. ಹುಬ್ಬು ಬಂತು. ಕೆನ್ನೆ ಬಂತು. ನಗು ಬರಬೇಕಾದ ಕಡೆ ಬೀಗ ಬಂತು. ಅವಳು ಎಳೆದಳು, ಕೈ ಎಳೆಯಗೊಡಲಿಲ್ಲ. ಮೂಗಿನ ಒಂದು ಹೊಳ್ಳೆಯೊಳಗೆ ಇನ್ನೊಂದು ಸಣ್ಣ ಬೀಗ ಮೂಡತೊಡಗಿತು. ಅವಳು ಎಡಗೈಯಿಂದ ಬಲಗೈಯನ್ನು ಹಿಡಿದು ಗೋಡೆಗೆ ಬಡಿದಳು. ಇದ್ದಿಲು ಪುಡಿಯಾಯಿತು. ದೂರದಲ್ಲಿ ತೆಕ್ಲಾಳ ಮನೆಯಿಂದ ಒಂದು ಸಿಳ್ಳೆಯಂಥ ಸದ್ದು ಕೇಳತೊಡಗಿತು. ಸಣ್ಣ ಸಂದಿಯಿಂದ ಗಾಳಿ ಎಳೆಯುವ ಸದ್ದು. ಉಸಿರಿನ ಸದ್ದು.

ಸ್ವಲ್ಪ ಹೊತ್ತಿಗೆ ಮೆಟ್ಟಿಲ ಮೇಲೆ ತೆಕ್ಲಾ ಬಂದಳು. ಮೂವತ್ತು ವರ್ಷದಲ್ಲಿ ಮೊದಲ ಸಲ ಆ ಕೋಣೆಗೆ ಕಾಲಿಟ್ಟಿದ್ದಳು. ನೇರ ಕುರ್ಚಿಯ ಹತ್ತಿರ ಬಂದು ಬಲಗೈ ಚಾಚಿದಳು.

"ನಂಗೆ ಕೊಡು ಅದನ್ನ. ಕೈ ಬದಲಾದ್ರೆ ಹಳೇ ಕೈ ಮಾಡಿದ್ದೆಲ್ಲ ಬಿಚ್ಕೊಳ್ಳುತ್ತೆ. ಅವನು ಉಸಿರಾಡ್ತಾನೆ."

"ಆಮೇಲೆ ನೀನು?"

"ನಂದು ನಾನು ನೋಡ್ಕೋತೀನಿ. ನಂಗೆ ಚಿತ್ರ ಗಿತ್ರ ಬರಲ್ಲ."

"ಬರುತ್ತೆ ಅಜ್ಜಿ. ಚಿತ್ರ ಬರೆಯೋದು ಅದು, ನಾವಲ್ಲ. ನಾಳೆ ಹಿಟ್ಟು ಕಲಸ್ತಾ ಹಿಟ್ಟಿನ ಮೇಲೆ ಬೆರಳಾಡಿಸ್ತೀಯ. ಮಗನ ಮುಖವೇ ಬರುತ್ತೆ. ಆಮೇಲೆ ಸಾಯೋಕಾಗದೆ ಇದೇ ಊರಲ್ಲಿ ಮೂರು ದಿನ ಕೂಗ್ತೀಯ." ಕೊಲೋಮಾಳ ದನಿ ಒಡೆಯಿತು. ಆದರೆ ಗಲ್ಲ ಮೇಲೆದ್ದಿತ್ತು. "ಕೈ ಹಿಂದಕ್ಕೆ ಇಟ್ಕೋ."

"ನನ್ನ ಮಗ ಸಾಯ್ತಿದಾನೆ ಕಣೇ!"

"ಇದು ನಿದ್ದೆಯಿಂದ ಬಂದಿದ್ದು. ನಿದ್ದೆ ನನ್ನ ಹೊಲ. ಹತ್ತು ವರ್ಷ ನಾನು ಉತ್ತಿರೋ ಹೊಲ. ಅಲ್ಲಿಗೆ ಬಂದು ಯಾವಳೋ ಬೇಲಿ ಹಾಕಿದ್ರೆ ಬಿಟ್ಟು ಓಡಿಹೋಗಲಾ? ಇಲ್ಲೇ ನಿಂತಿರು. ನಿನ್ನ ಕೈ ಮಾತ್ರ ಮುಂದೆ ತರಬೇಡ."

ಅವಳು ಚಮಚ ಹಿಡಿದು ಕೂತಳು. ಗಾಜಿನಿಂದ ಬಿಸಿಲು ನೆತ್ತಿಯ ಮೇಲೆ ಸುರಿಯುತ್ತಿತ್ತು. ನಿದ್ದೆ ಕಾದುಕೊಂಡಿದ್ದ ಹಾಗೆ ಬಂತು.

ಅದೇ ಬಯಲು. ಸುಟ್ಟ ಉಣ್ಣೆಯ ವಾಸನೆ ಈಗ ಗಂಟಲಿಗಿಳಿಯುವಷ್ಟು ದಟ್ಟ. ಎದುರಿಗೆ ಗಾರಿಗಾ ಮುದುಕಿ ನಿಂತಿದ್ದಳು. ಮುಖವಿರಬೇಕಾದಲ್ಲಿ ಬಚ್ಚಲ ತೂತಿನಂಥ ಕತ್ತಲು. "ವಾಪಸ್ ತಗೋ" ಎಂದು ಕೊಲೋಮಾ ಚಮಚ ಚಾಚಿದಳು. ಮುದುಕಿ ಎರಡು ಹೆಜ್ಜೆ ಹಿಂದೆ ಸರಿದಳು. ಸರಿದು, ನಿಧಾನವಾಗಿ, ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಳು. ಕತ್ತಲೊಳಗಿಂದ ಒಂದು ನಗು ಬಂತು. ಕೆಮ್ಮಿನ ಹಾಗೆ, ಒಣಗಿದ್ದು.

ಕೊಲೋಮಾ ಕಣ್ಣು ಬಿಟ್ಟಳು.

ಹಾಗಾದರೆ ಹೀಗೆ. ಅವಳು ಯೋಚಿಸಿದಳು. ನಿನ್ನೆ ನಗುತ್ತ ನಿದ್ದೆಹೋಗುವಾಗ ತಲೆಯಲ್ಲಿದ್ದದ್ದು ಸೆಲ್ದೋನಿಯ ಬಾಯಿ. ಇವತ್ತೂ ಅದೇ. ಕೈಗೆ ತನ್ನದೇ ಆದ ಚಿತ್ರವಿಲ್ಲ. ತಲೆಯಲ್ಲಿ ತೇಲುವುದನ್ನು ಅದು ಹಿಡಿಯುತ್ತದೆ, ಹಿಡಿದು ಕೆಡಿಸುತ್ತದೆ. ಒಳ್ಳೆಯದನ್ನು ಕೊಟ್ಟರೂ ಕೆಡಿಸುತ್ತದೆ. ಅದಕ್ಕೆ ಬರುವುದು ಅದೊಂದೇ. ಸರಿ, ಕೆಡಿಸಲಿ.

ಅವಳು ಇದ್ದಿಲು ಎತ್ತಿಕೊಂಡು ತನ್ನ ಬಲಗೈಯನ್ನೇ ನೆನೆದಳು. ಕೈಯೇ ಇಲ್ಲವಾದರೆ ಅದು ಮಾಡಿದ್ದೂ ಬಿಚ್ಚಿಕೊಳ್ಳಬೇಕು.

ಬೇರೇನೂ ಇಲ್ಲ. ಬರೀ ಆ ಕೈ. ಹೆಬ್ಬೆರಳ ಬುಡದ ಸುಟ್ಟ ಗಾಯ, ನೀಲಿಯ ಉಗುರು, ಹದಿನಾರನೇ ವಯಸ್ಸಿನಲ್ಲಿ ಮೊದಲ ಸಲ ನೇರ ಗೆರೆ ಎಳೆದ ದಿನದ ಹೆಮ್ಮೆ. ಇದ್ದಿಲು ಹಾಳೆಗೆ ತಾಗಿತು. ಕೈಗೆ ಗೊತ್ತಾಯಿತು. ಅದು ಸೆಟೆದು ಪಕ್ಕಕ್ಕೆ ಜಿಗಿದು ಒಂದು ಹುಬ್ಬು ಎಳೆಯಿತು. ತೆಕ್ಲಾಳ ಹುಬ್ಬು. ಹಿಂದೆ ತೆಕ್ಲಾ ಕಣ್ಣು ಹಿಡಿದುಕೊಂಡು ಚೀರಿದಳು.

ಇಲ್ಲ. ನನ್ನ ಕೈ. ಬೆಟ್ಟದ ಒಣ ಬೇರಾದ ನನ್ನ ಕೈ.

ಗೆರೆ ತಿರುಗಿತು. ಮಣಿಕಟ್ಟು ಬಂತು. ಕೈ ಮತ್ತೆ ಎಳೆಯಿತು. ಅವಳ ತಾಯಿಯ ಮುಖ ತೇಲಿಬಂತು, ಅವಳು ಮುಳುಗಿಸಿದಳು. ಬಾರ್ಸೆಲೋನಾದಲ್ಲಿ ಬಿಟ್ಟುಬಂದ ಪ್ರಿಯನ ಕತ್ತು ತೇಲಿತು. ಮುಳುಗಿಸಿದಳು. ಬೇರು. ಬೇರು. ತೊಗಟೆಯೊಡೆದ ಬೇರು. ಹಣೆಯ ಬೆವರು ಕಣ್ಣಿಗಿಳಿಯಿತು. ಮಿಟುಕಲಿಲ್ಲ. ಎಚ್ಚರದಲ್ಲಿ ಇಷ್ಟು ನಿಚ್ಚಳವಾಗಿ ಅವಳು ಏನನ್ನೂ ಕಂಡಿರಲಿಲ್ಲ. ಕಿರುಬೆರಳು ಗಂಟಾಯಿತು. ನೋವು. ಉಂಗುರಬೆರಳು. ಮೂಳೆಯೊಳಗೆ ಮರಳು ಸುರಿದಂತೆ ನೋವು. ಹೊರಗೆ ಆ ಸಿಳ್ಳೆ ನಿಂತಿತು. ಉಸಿರು ನಿಂತಿತು. ಮಧ್ಯದ ಬೆರಳು. ಬೇಗ. ಕೈ ಬೇಡಿಕೊಂಡಿತು. ಹೌದು, ಬೇಡಿಕೊಂಡಿತು. ಇನ್ನು ನಿನ್ನ ಗೆರೆ ಎಂದೂ ತಪ್ಪದು, ನಿನ್ನ ಮುಂದೆ ಯಾರೂ ನಿಲ್ಲರು ಎಂದಿತು. ಅವಳಿಗೆ ಗೋಡೆಯ ಮೇಲಿನ ಆ ಪರಿಪೂರ್ಣ ಚಿತ್ರ ಕಂಡಿತು. ಒಂದು ಕ್ಷಣ ಇದ್ದಿಲು ನಿಂತಿತು.

"ಥೂ" ಎಂದಳು ಕೊಲೋಮಾ. "ನಿನ್ನ ಭಿಕ್ಷೆ ಯಾರಿಗೆ ಬೇಕೇ?"

ತೋರುಬೆರಳು. ಹೆಬ್ಬೆರಳು. ಕೊನೆಯ ಗೆರೆ ಎಳೆದು ಮುಗಿಸುವಷ್ಟರಲ್ಲಿ ಇದ್ದಿಲು ಹಿಡಿಯಲು ಬೆರಳುಗಳೇ ಇರಲಿಲ್ಲ. ಬೂದುಬಣ್ಣದ ಐದು ಕವಲು, ಒಂದಕ್ಕೊಂದು ಹೆಣೆದುಕೊಂಡು, ಬಿರುಕುಬಿಟ್ಟು. ಚುಚ್ಚಿದರೆ ರಕ್ತ ಬರದಂಥವು. ಸುಟ್ಟ ಉಣ್ಣೆಯ ವಾಸನೆ ಮಾಡಿನ ತೂತಿನತ್ತ ಎದ್ದು, ಗಾಜು ಫಟ್ಟೆಂದು ಸೀಳಿತು.

ಆಮೇಲೆ ಬೀದಿಯ ಆ ತುದಿಯಿಂದ ಕೇಳಿತು. "ಅಯ್ಯೋ ನನ್ನ ಹಲ್ಲು! ಯಾವನೋ ಅವನು ಇಕ್ಕಳದವನು! ಅವನ ವಂಶಕ್ಕೆಲ್ಲ ಹಲ್ಲುನೋವು ಬರ್ಲಿ! ನೀರು! ಯಾರೂ ಇಲ್ವೇನ್ರೋ ಮನೇಲಿ, ನೀರು!"

ತೆಕ್ಲಾ ಎದ್ದು ಬಿದ್ದು ಓಡಿದಳು. ಅರ್ಧಕ್ಕೇ ನಿಂತ ಆ ಹುಬ್ಬಿನ ಗೆರೆ ಮಾತ್ರ ಬಿಚ್ಚಿಕೊಳ್ಳಲಿಲ್ಲ; ಅವಳ ಎಡಗಣ್ಣಿಗೆ ಅಂದಿನಿಂದ ಮಂಜು ಕವಿಯಿತು. ಅದು ಕೊನೆಯವರೆಗೂ ತಿಳಿಯಾಗಲಿಲ್ಲ.

ಊರಿನವರು ಕೊಲೋಮಾಳನ್ನು ಹೋಗು ಎನ್ನಲಿಲ್ಲ, ಇರು ಎಂದೂ ಹೇಳಲಿಲ್ಲ. ಮೂರನೇ ದಿನ ಅವಳೇ ಹೊರಟಳು. ತೆಕ್ಲಾ ಬೀದಿಯ ಕೊನೆವರೆಗೆ ಬಂದಳು.

"ಇನ್ಮೇಲಾದ್ರೂ ಆ ಗೀಚೋ ಚಾಳಿ ಬಿಡ್ತೀಯಾ?"

"ಬಿಟ್ರೆ ಅವಳು ಗೆದ್ದ ಹಾಗಲ್ವಾ ಅಜ್ಜಿ?"

ಸೆಲ್ದೋನಿ ಅವಳನ್ನು ಹೇಸರಗತ್ತೆಯ ಮೇಲೆ ಕೂರಿಸಿಕೊಂಡು ಕಣಿವೆಗಿಳಿಸಿದ. ಇಳಿಯುವ ದಾರಿಯುದ್ದಕ್ಕೂ ಬೈದ. ಅವಳನ್ನು ಬೈದ, ಅವಳ ಗುಂಪನ್ನು ಬೈದ, ಬೀಗ ಕಂಡುಹಿಡಿದವನನ್ನು ಬೈದ. ಒಳಗೆ ಕೊಳೆಯುತ್ತಿದ್ದ ಮಾತನ್ನೆಲ್ಲ ಸುರಿದ. ಶಾಲಿನಲ್ಲಿ ಸುತ್ತಿದ ಬಲಗೈಯನ್ನು ಮಡಿಲಲ್ಲಿಟ್ಟುಕೊಂಡು ಕೊಲೋಮಾ ಕೇಳುತ್ತ ಕೂತಳು. ಅಷ್ಟು ಚೆಂದದ ಬೈಗುಳ ಅವಳು ಕೇಳಿರಲಿಲ್ಲ.

ಮಧ್ಯಾಹ್ನ ಸೇತುವೆಯ ಪಕ್ಕ ಒಂದು ಮರದ ನೆರಳಿನಲ್ಲಿ ತಂಗಿದರು. ಅವಳು ಮರಕ್ಕೊರಗಿ, ಮೊಣಕಾಲ ಮೇಲೆ ಹಾಳೆ ಹರಡಿ, ಎಡಗೈಯಲ್ಲಿ ಪೆನ್ಸಿಲು ಹಿಡಿದಳು. ಎಳೆದ ಗೆರೆ ಕುಡುಕನ ಹಾಗೆ ಓಲಾಡಿತು. ನೋಡಿ ನಕ್ಕಳು. ಆಮೇಲೆ ತಲೆ ಹಿಂದಕ್ಕೆ ಚೆಲ್ಲಿದಳು.

ಸೆಲ್ದೋನಿಯ ಮುಖ ಬಿಳಿಚಿಕೊಂಡಿತು. ಕೈ ತಾನಾಗಿಯೇ ಗಂಟಲಿಗೆ ಹೋಯಿತು. "ಅಮ್ಮಾವ್ರೇ, ನಿಮ್ಮ ಕಾಲಿಗೆ ಬೀಳ್ತೀನಿ. ನಿದ್ದೆ ಮಾತ್ರ ಬೇಡಿ."

"ನೀನು ಬೈತಾ ಇರು ಸೆಲ್ದೋನಣ್ಣ. ಬಾಯಿ ಮುಚ್ಚಬೇಡ. ಅಷ್ಟರಲ್ಲಿ ನಾನು ಹೋಗಿ ಒಂದು ಚಿತ್ರ ಹಿಡ್ಕೊಂಡು ಬರ್ತೀನಿ."

"ಅಲ್ಲಿ ಯಾರಾದ್ರೂ ನಿಂತಿದ್ರೆ?"

"ನಿಂತಿರ್ಲಿ" ಎಂದು ಕೊಲೋಮಾ ಕಣ್ಣು ಮುಚ್ಚಿದಳು. ಸೆಲ್ದೋನಿ ಎದ್ದು ನಿಂತು, ನಡುಗುವ ದನಿಯಲ್ಲಿ, ಮೊದಲು ಹೇಸರಗತ್ತೆಯ ಅಪ್ಪನಿಂದ ಶುರುಮಾಡಿದ.